ಹಿಮದಲ್ಲಿ ತೆರೆದ ಬಾಯಿ

ಬಾಯಿ ತೆರೆಯಿತು ಪರದೆಯ ಮೇಲಿನ ಆ ಹುಡುಗಿಯದು, ಬಿಳಿ ಹಿಮದ ನಡುವೆ ಕರೀ ಬಾವಿಯಂತೆ, ಕಡ್ಡಿಪೆಟ್ಟಿಗೆ ಮಾರುತ್ತಾಳಂತೆ, ಜರ್ಮನ್ ಮಾತೋ ಕಾಗೆಗಳ ಜಗಳವೋ — ನೂರು ವರ್ಷದ ಹಿಂದೆ ಈ ಸಿನಿಮಾ ತುಣುಕಿಗೆ ದನಿ ಕೂಡಿಸಲು ಮೂವರು ಜರ್ಮನರು ಬೇಕಾದರಂತೆ, ಮೂವರು! ಮುಂಡರಗಿಯ ಟೆಂಟ್ ಟಾಕೀಸಿನಲ್ಲಿ ಪ್ರೊಜೆಕ್ಟರಿನ ಸದ್ದಿನ ದೀಪ ಸುಟ್ಟು ಸಿನಿಮಾ ಮೂಕಾದಾಗಲೆಲ್ಲ ಈ ಯಮನೂರಪ್ಪ ಒಬ್ಬನೇ ಮೈಕು ಹಿಡಿದು ಪರದೆಯ ಹಿಂದೆ ನಿಂತ, ನಾಯಕ ನಾನೇ, ಖಳ ನಾನೇ, ಕುದುರೆಯೂ ನಾನೇ, ನನ್ನ ಗುಡುಗಿಗೆ ಸಿಂಗಟಾಲೂರಿನಲ್ಲಿ ಹೊಳೆ ದಾಟುತ್ತಿದ್ದ ಎತ್ತುಗಳು ಹಿಂದಿರುಗಿದ್ದವು — ಈ ನಂದೀಶನಿಗೇನು ಗೊತ್ತು, ಗದಗಿನ ಕಾಲೇಜು ಮಾಸ್ತರ, ಲಕ್ಷ್ಮೇಶ್ವರಕ್ಕೆ ಬಂದು ಸಿನಿಮಾ ಸಂಘ ಕಟ್ಟಿದ್ದಾನೆ, ಪೆನ್ ಡ್ರೈವ್ ಚುಚ್ಚುವುದೂ ಒಂದು ವಿದ್ಯೆಯೇ, ಬಾಗಿಲಲ್ಲೇ ಎಲ್ಲರೆದುರು ನನಗಂದ, ಅಜ್ಜಾರ, ನೀವು ಸುಮ್ನ ಕುಂಡ್ರಿ, ನಿಮ್ಮ ಕೆಲ್ಸ ಈಗೇನೈತಿ, ಹೆಣ್ಣಿನ ದನಿನೂ ನೀವ ಮಾಡ್ತಿದ್ರೇನು? ಹೌದಲೇ, ಎಲ್ಲಾ ನಾನ, ಇಕಿ ಬರೇ ಟಿಕೀಟ ಹರೀತಿದ್ಲು, ಎಂದೆ, ಪಕ್ಕದಲ್ಲಿ ನನ್ನ ಹೆಂಡತಿ ಹನಮವ್ವ ಯಾಕೋ ಕೆಮ್ಮಿದಳು — ಕೆಲಸ ಇಲ್ಲವೇ, ಹುಟ್ಟಿಸುತ್ತೇನೆ ತಾಳು, ಲ್ಯಾಪ್‌ಟಾಪಿನಿಂದ ಸ್ಪೀಕರಿಗೆ ಹೋದ ವೈರು ನನ್ನ ಚಪ್ಪಲಿಯ ಕೆಳಗೇ ಇದೆ, ಆ ಮೂವರ ಮೊದಲ ಆಟದಲ್ಲೂ ಸದ್ದು ಕೈಕೊಟ್ಟು, ಜನ ಕೂಗಿ, ಸಿನಿಮಾ ಕಂಪನಿ ಅವರನ್ನು ಹೊರದಬ್ಬಿತೆಂದು ನೀನೇ ಭಾಷಣ ಬಿಗಿದೆಯಲ್ಲ, ನಿನಗೂ ಅದೇ ಗತಿ — ಎಳೆದೆ. ಸದ್ದು ಸತ್ತಿತು. ಹುಡುಗಿಯ ಬಾಯಿ ಮಾತ್ರ ತೆರೆದೇ ಇದೆ, ಸಿಳ್ಳೆ, ಕುರ್ಚಿಗಳ ಬಡಿತ, ನಂದೀಶ ಬೆವರುತ್ತಿದ್ದಾನೆ, ಆಹಾ, ಹೊಟ್ಟೆಯಲ್ಲಿ ಮಜ್ಜಿಗೆ ಹೊಯ್ದಂತೆ ತಂಪು, ಹಿಂದಿನಿಂದ ಚಹಾದಂಗಡಿಯ ಜಹಾಂಗೀರ, ಯಮನೂರಪ್ಪಗ ಮೈಕ್ ಕೊಡ್ರಲೇ, ಎಲ್ಲಾ ದನಿ ತನ್ನದ ಅಂತಾನ, ನೋಡೂಣು! — ಮೈಕು ಕೈಗೆ ಬಂತು, ಪರದೆಯಲ್ಲಿ ದಪ್ಪ ಸಾಹುಕಾರ, ಏ ಹುಡುಗಿ, ಸರಿ ಆ ಕಡೆ! ಗುಡುಗಿದೆ, ಚಪ್ಪಾಳೆ, ಈಗ ಹುಡುಗಿಯ ಸರದಿ, ಕೈ ತಾನಾಗಿಯೇ ಮೈಕನ್ನು ಎಡಕ್ಕೆ ಸರಿಸಿತು, ಟೆಂಟಿನಲ್ಲಿ ಪ್ರತಿ ಸಲ ಸರಿಸಿದಂತೆಯೇ, ಎಡಕ್ಕೆ ಹನಮವ್ವ, ಹೆಣ್ಣುದನಿಗೆ ಅವಳು ಒಂದಿಷ್ಟು ಆಸರೆ, ಸ್ವಲ್ಪ, ಸರಿ, ಪೂರ್ತಿ, ಅದನ್ನೇನು ಊರಿಗೆಲ್ಲ ಡಂಗುರ ಸಾರಬೇಕೇ — ನಾ ಬರೇ ಟಿಕೀಟ ಹರ್ಯಾಕಿ ಅಲ್ಲೇನ್ರಿ, ನೀವ ಮಾಡ್ರಿ, ಅಂದಳು, ಮೈಕಿನಲ್ಲೇ, ಸಭೆ ಹೋ ಎಂದಿತು, ಎಂಥಾ ದನಿ, ಈಗಲೂ ಕಂಚಿನ ಗಂಟೆ — ಲೇ ಹನಮಿ, ಕಡ್ಡಿಪೆಟ್ಟಿಗಿ ತಗೋರಿ ಅನ್ನು, ಅಷ್ಟ ಸಾಕು — ತುಟಿ ಬಿಗಿದು ಸೆರಗು ಹೊದ್ದು ಕೂತಳು, ನಂದೀಶನ ಹಲ್ಲು ಹೊಳೆಯುತ್ತಿವೆ, ಹುಡುಗಿ ಕಡ್ಡಿ ಗೀರಿದಳು, ಆರಿತು, ನಾನೇ ಕೀರಲು ದನಿ ತೆಗೆಯಹೋದೆ, ಗಂಟಲಲ್ಲಿ ಬರೀ ಗಾಳಿ, ಪರದೆಯಲ್ಲಿ ಹಿಮ, ಹಿಮದಲ್ಲಿ ಕರೀ ಬಾವಿ, ತೆರೆದ ಬಾಯಿ, ತೆರೆದೇ ಇರುವ ಬಾಯಿ —