ಕೆಟ್ಟದ್ದು ನಾನಲ್ಲ

ನಾನು ಬೆರಳುದ್ದದ ಒಂದು ಧ್ವನಿಮುದ್ರಕ. ಎಲ್ಲೋ ದೂರದ ಕಾರ್ಖಾನೆಯಲ್ಲಿ ಹುಟ್ಟಿ, ಬಯಲುಸೀಮೆಯ ಒಂದು ಊರಿನ ಭ್ರಷ್ಟಾಚಾರ ತಡೆ ಠಾಣೆಗೆ ಬಂದೆ. ಇನ್ಸ್‌ಪೆಕ್ಟರ್ ಹಂಪಣ್ಣ ನನ್ನ ಯಜಮಾನರು. ಬಳಸಿದ ಮೇಲೆ ಕರವಸ್ತ್ರದಿಂದ ಒರೆಸಿ ಇಡುತ್ತಿದ್ದರು. ಅವರನ್ನು ಕಂಡರೆ ನನಗೆ ಅಭಿಮಾನ.

ಒಂದು ದಿನ ಅಂಗನವಾಡಿ ಕಾರ್ಯಕರ್ತೆ ನೀಲವ್ವ ಬಂದಳು. ಅಂಗನವಾಡಿಯ ಛಾವಣಿ ಬಿರುಕು ಬಿಟ್ಟಿತ್ತು. ದುರಸ್ತಿಗೆ ಸಹಿ ಹಾಕಲು ಎಂಜಿನಿಯರ್ ಲಂಚ ಕೇಳಿದ್ದ.

"ಮೊದಲ ಪ್ರಾಥಮಿಕ ವಿಚಾರಣೆ ಮಾಡೂಣು. ಖರೇ ಅನ್ನಿಸಿದ್ರ ಕೇಸ್ ಹಾಕೂಣು" ಎಂದು ಹಂಪಣ್ಣ ನನ್ನನ್ನು ಅವಳ ಕೈಗಿತ್ತರು.

ಅವಳ ಸೆರಗಿನ ಮರೆಯಲ್ಲಿ ಕುಳಿತು ಎಂಜಿನಿಯರ್ ಆಡಿದ್ದನ್ನೆಲ್ಲ ಹಿಡಿದೆ. "ರೊಕ್ಕ ತಾ, ಆಮ್ಯಾಲ ಛತ್ತಿನ ಮಾತು" ಎಂದಿದ್ದ. ಠಾಣೆಯಲ್ಲಿ ಅದನ್ನು ಕೇಳಿ ಹಂಪಣ್ಣ, "ಛಲೋ ಕೆಲಸ ಮಾಡಿದಿ" ಎಂದರು.

ಆದರೂ ಕೇಸು ದಾಖಲಾಗಲಿಲ್ಲ. ನೀಲವ್ವ ಬಂದಾಗಲೆಲ್ಲ "ವಿಚಾರಣೆ ನಡದೈತಿ" ಎನ್ನುತ್ತಿದ್ದರು. ಮಳೆಗಾಲದಲ್ಲಿ ಛಾವಣಿಯ ತುಂಡು ಕಳಚಿ ಬಿದ್ದು ಒಂದು ಹೆಣ್ಣುಮಗುವಿನ ಕೈ ಜಜ್ಜಿಹೋಯಿತು. ಅಂದು ಸಂಜೆ ಎಂಜಿನಿಯರ್ ಠಾಣೆಗೆ ಬಂದು ಚಹಾ ಕುಡಿದು ಹೋದ. ಅವನ ಬೆನ್ನಿಗೇ ಹಂಪಣ್ಣ ನನ್ನನ್ನು ಎತ್ತಿಕೊಂಡರು. ಒರೆಸುತ್ತಾರೆ ಎಂದುಕೊಂಡೆ. ಅಳಿಸುವ ಗುಂಡಿ ಒತ್ತಿದರು. ಪುರಾವೆ ಇಲ್ಲವೆಂದು ವಿಚಾರಣೆ ಮುಗಿಸಿಬಿಟ್ಟರು.

ನೀಲವ್ವ ಕೋರ್ಟಿಗೆ ಹೋದಳು. ನ್ಯಾಯಾಧೀಶೆ ನನ್ನನ್ನು ತರಿಸಿ, ಎಲ್ಲರೆದುರು ನುಡಿಸಲು ಹೇಳಿದರು. ಒಂದು ಸದ್ದೂ ಬರಲಿಲ್ಲ. ನೀಲವ್ವ ನನ್ನನ್ನೇ ನೋಡುತ್ತಿದ್ದಳು.

"ಮಷಿನ್ ಕೆಟ್ಟೈತ್ರಿ" ಎಂದರು ಹಂಪಣ್ಣ.

"ಕೇಸೇ ಹಾಕದೆ ಇಷ್ಟು ಕಾಲ ವಿಚಾರಣೆ ಅಂತ ಇಟ್ಕೊಂಡ್ರಿ. ಕೇಸಿಲ್ಲದಿದ್ದರೆ ನೀವೇನು ಮಾಡ್ತಿದ್ದೀರಿ ಅಂತ ಈ ಕೋರ್ಟಿಗೆ ಗೊತ್ತಾಗೋದು ಹೇಗೆ?" ಎಂದು ನ್ಯಾಯಾಧೀಶೆ ಕೇಳಿದರು. ಎಂಜಿನಿಯರ್, ಹಂಪಣ್ಣ ಇಬ್ಬರ ಮೇಲೂ ಕೇಸು ದಾಖಲಿಸಿ ಬೇರೆ ಅಧಿಕಾರಿ ತನಿಖೆ ಮಾಡಬೇಕು, ಪ್ರತಿ ಹಂತದಲ್ಲೂ ತಮಗೆ ವರದಿ ಕೊಡಬೇಕು ಎಂದು ಆದೇಶಿಸಿದರು.

ಮುಂದೆ ಸಾಕ್ಷಿ ಕಟಕಟೆಯಲ್ಲಿ ನಿಂತ ನೀಲವ್ವನ ಎದುರು ಎಂಜಿನಿಯರನ ವಕೀಲ ನನ್ನನ್ನು ಎತ್ತಿ ಹಿಡಿದ. "ಇದರಲ್ಲಿ ಏನೂ ಇಲ್ಲ, ಅಲ್ವೇನಮ್ಮ?"

"ಅದರಾಗ ಇಲ್ರಿ. ನಾ ಅಲ್ಲೇ ನಿಂತು ಕೇಳೀನಿ. ಹೇಳ್ತೀನಿ, ಬರ್ಕೋರಿ."

ಅವಳ ಮಾತನ್ನು ಕೋರ್ಟು ನಂಬಿತು. ಎಂಜಿನಿಯರನಿಗೆ ಶಿಕ್ಷೆಯಾಯಿತು. ನನ್ನೊಳಗಿನ ಧ್ವನಿ ತಾನಾಗಿ ಹೋಯಿತೋ, ಯಾರಾದರೂ ಅಳಿಸಿದರೋ ಎಂದು ಪ್ರಯೋಗಾಲಯದವರಿಗೆ ಹೇಳಲಾಗಲಿಲ್ಲ. ಹಂಪಣ್ಣ ಸಂಶಯದ ಲಾಭ ಪಡೆದು ಬಿಡುಗಡೆಯಾದರು.

ಈಗ ಕೋರ್ಟಿನ ಉಗ್ರಾಣದಲ್ಲಿದ್ದೇನೆ. ಕೊರಳಿಗೆ 'ಕೆಟ್ಟ ಯಂತ್ರ' ಎಂಬ ಚೀಟಿ ಕಟ್ಟಿದ್ದಾರೆ. ಅಲ್ಲವೆನ್ನಲು ನನಗೆ ಸ್ವಂತ ಧ್ವನಿಯಿಲ್ಲ. ಕೇಳಿದ್ದನ್ನಷ್ಟೇ ಆಡಬಲ್ಲೆ, ಅದನ್ನೂ ನನ್ನ ಯಜಮಾನರೇ ಕಿತ್ತುಕೊಂಡರು.