ಅರವತ್ತು ಸೌತೆಕಾಯಿ

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ, ಹೊಸಹಳ್ಳಿ ಶಾಲೆಯ ಮಕ್ಕಳಿಗೆಲ್ಲ ಇದು ಗೊತ್ತು. ೧೯೯೮ರಲ್ಲಿ ನಾಲ್ಕನೇ ತರಗತಿಯ ದುರ್ಗಾ ಆ ಸಿಟ್ಟನ್ನು ದಿನಾ ಕೆಣಕುತ್ತಿದ್ದಳು. ನಾನು ಲೆಕ್ಕ ಓದಿ ಮುಗಿಸುವುದರೊಳಗೆ ಉತ್ತರ ಹೇಳುವಳು, ಸಮೀಕರಣ ಮಾತ್ರ ಬರೆಯಳು. ಉತ್ತರ ಬಂದ ಮೇಲೆ ಸಮೀಕರಣ ಏಕೆ ಬೇಕು ಎಂದು ನನ್ನನ್ನೇ ಕೇಳುವಳು. ಗೊತ್ತಿಲ್ಲದ ಸಂಖ್ಯೆಗೆ ಒಂದು ಚೌಕ ಹಾಕು, ಆಮೇಲೆ ಲೆಕ್ಕ ಕಟ್ಟು ಎಂದು ಗಂಟಲು ಹರಿದುಕೊಂಡೆ.

ಅಷ್ಟರಲ್ಲಿ ಕೂಡ್ಲಿಗಿಯಲ್ಲಿ ತಾಲ್ಲೂಕು ಗಣಿತ ಸ್ಪರ್ಧೆ ಬಂತು. ನನ್ನ ಪರೀಕ್ಷೆಯಲ್ಲಿ ಹತ್ತಕ್ಕೆ ಹತ್ತು ತೆಗೆದವರನ್ನು ಮಾತ್ರ ಕಳಿಸುತ್ತೇನೆ ಎಂದೆ. ದುರ್ಗಾಳಿಗೆ ಹೋಗಲೇಬೇಕಿತ್ತು. ಹದಿನೈದು ದಿನ ಅವಳು ಚೌಕ ಹಾಕಿದ್ದೇ ಹಾಕಿದ್ದು.

ಒಂಬತ್ತು ಲೆಕ್ಕ ಸರಿಯಾದವು. ಹತ್ತನೆಯದು ಹೀಗಿತ್ತು: ಅರವತ್ತು ಸೌತೆಕಾಯಿಗಳಿವೆ, ಒಬ್ಬೊಬ್ಬರು ಐದೈದು ಕೊಂಡರೆ ಎಷ್ಟು ಜನಕ್ಕೆ ಸಾಕಾಗುತ್ತವೆ? ೫ × □ = ೬೦, ಹನ್ನೆರಡು ಜನ. ಅವಳು ೬ × □ = ೬೦ ಎಂದು ಬರೆದು ಚೌಕದಲ್ಲಿ ಹತ್ತು ತುಂಬಿದ್ದಳು. ಐದು ಎಂದು ಕಣ್ಣಿಗೆ ರಾಚುವಂತೆ ಬರೆದಿದ್ದರೂ ಆರು ಎಲ್ಲಿಂದ ತಂದಳೋ! ಕೆಂಪು ಗೀಟು ಎಳೆದೆ. ಯಾಕೆಂದು ಕೇಳುವ ತಾಳ್ಮೆ ನನಗಿರಲಿಲ್ಲ. ಅವಳು ತುಟಿ ಕಚ್ಚಿಕೊಂಡು ಕಾಗದ ಇಸಿದುಕೊಂಡು ಹೋದಳು.

ಸಂಜೆ ಸಂತೆಯಲ್ಲಿ ಅವಳ ತಾಯಿ ದುರುಗಮ್ಮ ಸೌತೆಕಾಯಿ ಗುಡ್ಡೆ ಹಾಕಿಕೊಂಡು ಕೂತಿದ್ದಳು. ಪಕ್ಕದಲ್ಲಿ ದುರ್ಗಾ, ಮುಖ ಊದಿಸಿಕೊಂಡು. ಐದು ಕೊಂಡು ಚೀಲಕ್ಕೆ ಹಾಕಿದೆ, ಕೊಸರಿಗೆಂದು ಇನ್ನೊಂದನ್ನು ಎತ್ತಿಕೊಂಡೆ. ಐದು ಕೊಂಡವರು ಮೇಲೊಂದು ಎತ್ತಿಕೊಳ್ಳುವುದು ನಮ್ಮ ಸಂತೆಯಲ್ಲಿ ಕೇಳಿ ಮಾಡುವ ಕೆಲಸವೇ ಅಲ್ಲ. ದುರ್ಗಾ ನನ್ನ ಕೈಯನ್ನೇ ನೋಡುತ್ತಿದ್ದಳು.

"ಆರಾದ್ವು ನೋಡ್ರಿ ಸರ್," ಎಂದಳು.

ಕೈಯಲ್ಲಿದ್ದ ಸೌತೆಕಾಯಿಯನ್ನು ಇಡಲೂ ಆಗಲಿಲ್ಲ, ಹಾಕಿಕೊಳ್ಳಲೂ ಆಗಲಿಲ್ಲ.

"ಅದನ್ನ ಆಗಲೇ ಯಾಕ ಹೇಳಲಿಲ್ಲ?"

"ನೀವು ಕೇಳಲೇ ಇಲ್ಲಲ್ರಿ."

ದುರುಗಮ್ಮ ಮಗಳನ್ನು ಗದರಿದಳು. ಗದರಿಸಿಕೊಳ್ಳಬೇಕಾದವನು ನಾನು. ನಿಜಕ್ಕೂ ನಾಚಿಕೆಯಾಯಿತು. ಕೈಯಲ್ಲಿದ್ದದ್ದನ್ನು ನನ್ನ ಚೀಲಕ್ಕೆ ಹಾಕಿಕೊಂಡೆ. ದುರ್ಗಾಳ ಚೀಲದಿಂದ ಕಾಗದ ತೆಗೆಸಿ, ಬುಟ್ಟಿಯ ಮೇಲಿಟ್ಟು, ಒಂಬತ್ತನ್ನು ಹೊಡೆದು ಹತ್ತು ಬರೆದೆ. ಕೂಡ್ಲಿಗಿಯಲ್ಲಿ ಮಾತ್ರ ಕೊಸರು ಇಲ್ಲ, ಪ್ರಶ್ನೆಯಲ್ಲಿ ಇದ್ದಷ್ಟೇ ಬರಿ ಎಂದು ಎಚ್ಚರಿಸಿದೆ. ಅವಳು ಹತ್ತನ್ನು ಎರಡು ಸಲ ನೋಡಿಕೊಂಡಳು. ಆಮೇಲೆ ಗುಡ್ಡೆಯಲ್ಲಿ ಹುಡುಕಿ, ಎಳೆಯದೊಂದು ಸೌತೆಕಾಯಿ ಆರಿಸಿ ನನ್ನ ಚೀಲಕ್ಕೆ ಹಾಕಿದಳು.

ಏಳಾದರೆ ಅರವತ್ತು ಸರಿಯಾಗಿ ಭಾಗವಾಗುವುದಿಲ್ಲ ಎಂದೆ, ಅಭ್ಯಾಸಬಲ.

"ಅದು ಲೆಕ್ಕದಾಗಿಲ್ರಿ ಸರ್," ಎಂದು ನಕ್ಕಳು.