ಆರು ಓಟದ ಷರಾ

ರೇಸು ಪತ್ರಿಕೆಯ ಶತಮಾನೋತ್ಸವ ಗ್ರಂಥದ ಕೊನೆಯ ಪ್ರೂಫ್ ಓದುತ್ತಿದ್ದ ಪ್ರೂಫ್ ರೀಡರಮ್ಮನಿಗೆ ಎಪ್ಪತ್ತೆರಡನೇ ಪುಟಕ್ಕೆ ಬಂದಾಗ ಮೈಯೆಲ್ಲ ಉರಿದುಹೋಯಿತು. ‘ನಮ್ಮ ನಿರ್ಭೀತ ಲೇಖನಿ’ ಎಂಬ ತಲೆಬರಹ. ಕೆಳಗೆ ಮೂವತ್ತು ವರ್ಷದ ಹಿಂದಿನ ಸಂಚಿಕೆಯ ಚಿತ್ರ, ಅದರಲ್ಲಿ ಕೆಂಪು ಗೆರೆ ಎಳೆದು ತೋರಿಸಿದ ಒಂದು ಷರಾ: ‘ಜಾಕಿ ಸೋಲಲೆಂದೇ ಲಗಾಮು ಜಗ್ಗಿದ.’ ಆ ಜಾಕಿ ಅವಳ ಒಡಹುಟ್ಟಿದ ಅಣ್ಣ.

ಅಣ್ಣ ಲಗಾಮು ಜಗ್ಗಿದ್ದು ನಿಜ. ಓಡುತ್ತಿದ್ದ ಕುದುರೆಯ ಮೂಗಿನಿಂದ ರಕ್ತ ಸುರಿಯುತ್ತಿತ್ತು, ಜಗ್ಗದೆ ಇನ್ನೇನು ಮಾಡಬೇಕಿತ್ತು? ಪಶುವೈದ್ಯರು ಮರುದಿನವೇ ಹಾಗೆಂದು ಬರೆದುಕೊಟ್ಟರು. ರೇಸಿನ ಅಧಿಕಾರಿಗಳು ಅವನದೇನೂ ತಪ್ಪಿಲ್ಲ ಎಂದರು. ಪತ್ರಿಕೆ ಮಾತ್ರ ತುಟಿ ಪಿಟ್ಟೆನ್ನಲಿಲ್ಲ. ಅಷ್ಟಕ್ಕೇ ಬಿಟ್ಟಿದ್ದರೆ ಜನ ಮರೆಯುತ್ತಿದ್ದರೇನೋ. ಆದರೆ ಕುದುರೆ ಮತ್ತೆ ಓಡುವಾಗಲೆಲ್ಲ ಅದರ ಹಿಂದಿನ ಆರು ಓಟಗಳ ಷರಾಗಳನ್ನೂ ಅಚ್ಚು ಹಾಕುವುದು ರೇಸು ಪತ್ರಿಕೆಯ ಪದ್ಧತಿ. ಹೀಗೆ ಆ ಸುಳ್ಳು ಇಡೀ ಹಂಗಾಮು ಕುದುರೆಯ ಬೆನ್ನು ಬಿಡಲಿಲ್ಲ. ಏಳನೇ ಓಟಕ್ಕೆ ಅದು ತಾನಾಗಿ ಪುಟದಿಂದ ಜಾರುವ ಹೊತ್ತಿಗೆ ಅಣ್ಣನಿಗೆ ಕುದುರೆ ಕೊಡುವವರೇ ಇರಲಿಲ್ಲ. ಅಂದಿನಿಂದ ಅವನು ಜೀನು ಹೊಲಿಯುತ್ತಿದ್ದಾನೆ. ತಂಗಿಗೆ ಇದೇ ಪತ್ರಿಕೆಯಲ್ಲಿ ಕೆಲಸ ಸಿಕ್ಕಾಗ, “ಹೋಗು, ನೀನಾದ್ರೂ ಅವರ ತಪ್ಪು ತಿದ್ದು” ಎಂದು ನಕ್ಕಿದ್ದ.

ಅಧಿಕಾರಿಗಳ ತೀರ್ಪಿನ ಪ್ರತಿ ಪತ್ರಿಕೆಯ ಕಡತದಲ್ಲೇ ಧೂಳು ತಿನ್ನುತ್ತಿತ್ತು. ಅದನ್ನೂ ಪ್ರೂಫನ್ನೂ ಎತ್ತಿಕೊಂಡು ಸಂಪಾದಕರ ಕೋಣೆಗೆ ನುಗ್ಗಿದಳು.

“ಸರ್, ಇದು ಸುಳ್ಳು. ಇದೇ ಪುಟದಲ್ಲಿ, ಇದೇ ಅಳತೆ ಅಕ್ಷರದಲ್ಲಿ ತಪ್ಪಾಯ್ತು ಅಂತ ಹಾಕಿ.”

“ಅಯ್ಯೋ, ಅದೆಲ್ಲ ಇತಿಹಾಸ ಕಣಮ್ಮ. ಈಗ ಯಾರಿಗೆ ನೆನಪಿದೆ?”

“ನೀವೇ ನೆನಪು ಮಾಡ್ತಿದ್ದೀರಲ್ಲ, ಕೆಂಪು ಗೆರೆ ಎಳೆದು!”

“ನೂರು ವರ್ಷದಲ್ಲಿ ಈ ಪತ್ರಿಕೆ ಒಂದ್ಸಲಾನೂ ತಪ್ಪೊಪ್ಪಿಕೊಂಡಿಲ್ಲ. ಮುನ್ನುಡೀಲೇ ಬರ್ದಿದೀನಿ. ಅಚ್ಚಿಗೆ ಹೋಗ್ಲಿ, ಸುಮ್ನೆ ಸಹಿ ಹಾಕು.”

ಹೆಮ್ಮೆ ಬೇರೆ! ಮಾನ ಮರ್ಯಾದೆ ಇದ್ದವರು ನಾಚಿಕೊಳ್ಳುವ ಸಂಗತಿಯನ್ನು ಈ ಮನುಷ್ಯ ಮುನ್ನುಡಿಗೆ ಹಾಕಿಕೊಂಡಿದ್ದಾನೆ. ಅವಳು ಪ್ರೂಫನ್ನೂ ತೀರ್ಪನ್ನೂ ಅವರ ಮುಂದೆ ತಳ್ಳಿದಳು.

“ನಾನು ಹಾಕಲ್ಲ. ನೀವೇ ಹಾಕಿ.”

ಪುಟಗಳನ್ನು ಒಯ್ಯಲು ಬಂದಿದ್ದ ಅಚ್ಚುಮನೆಯ ಫೋರ್‌ಮನ್ ಬಾಗಿಲಲ್ಲೇ ನಿಂತಿದ್ದ. “ಸಹಿ ಕೆಳಗೆ ಪೂರ್ತಿ ಹೆಸರು ಬರೀರಿ ಸರ್. ನಾಳೆ ಯಾರಾದ್ರೂ ಕೋರ್ಟಿಗೆ ಹೋದ್ರೆ ನನ್ನ ತಲೆಗೆ ಬರಬಾರದು” ಎಂದ.

ಸಂಪಾದಕರು ಪೆನ್ನು ತೆಗೆದರು. ಅಂದು ಷರಾ ಬರೆದವನು ಹೆಸರು ಹಾಕಿರಲಿಲ್ಲ. ಈಗ ಅದೇ ಸುಳ್ಳಿನ ಕೆಳಗೆ ತಮ್ಮ ಹೆಸರು ಬರೆಯಬೇಕು. ತೀರ್ಪನ್ನು ಒಮ್ಮೆ ಓದಿದರು, ಮತ್ತೊಮ್ಮೆ ಓದಿದರು. ಪೆನ್ನು ಕೆಳಗಿಟ್ಟರು.

“ಆಯ್ತು, ಏನು ಹಾಕ್ಬೇಕು ಹೇಳು.”

‘ಜಾಕಿ ಕುದುರೆಯ ಜೀವ ಉಳಿಸಿದ. ನಾವು ಬರೆದದ್ದು ಸುಳ್ಳು’ ಎಂದು ಬರೆದು ಅವಳು ಅಣ್ಣನ ಪೂರ್ತಿ ಹೆಸರು ಸೇರಿಸಿದಳು. ಗೆದ್ದ ಸಂತೋಷ ಮಾತ್ರ ಬರಲಿಲ್ಲ. ಒಬ್ಬನ ಬದುಕೇ ಹಾಳಾದಾಗ ಅಲುಗದವರು ತಮ್ಮ ಒಂದು ಸಹಿ ತಪ್ಪಿಸಿಕೊಳ್ಳಲು ಅರೆಗಳಿಗೆಯಲ್ಲಿ ಒಪ್ಪಿಕೊಂಡಿದ್ದರು. ಇಷ್ಟು ಸುಲಭದ ಕೆಲಸಕ್ಕೆ ಅಣ್ಣನನ್ನು ಮೂವತ್ತು ವರ್ಷ ಕಾಯಿಸಿದರಲ್ಲ ಎಂದು ಅವಳ ರಕ್ತ ಕುದಿಯಿತು.